ಮೊಳೆಗೆ ತೂಗಿದ ಕಡಾಯಿ

ಡಂಡೀ,
ಜನವರಿ ೧೧, ೧೯೬೮

ನೆಟ್ಟಾ,

ಲಕೋಟೆಯ ಮೇಲೆ ಡಂಡೀಯ ಮುದ್ರೆ ನೋಡಿದ ಕೂಡಲೇ ಇದನ್ನು ಒಲೆಗೆ ಹಾಕಲು ಎದ್ದಿರುತ್ತೀಯ. ಸ್ವಲ್ಪ ಕೂತುಕೋ ತಾಯಿ. ಬರೆಯುತ್ತಿರುವವನು ಹೆಕ್ಟರ್, ನಿನ್ನ ಅಕ್ಕ ಇಶ್ಬೆಲಳ ಗಂಡ. ಜಗಳ ಅಕ್ಕತಂಗಿಯರದ್ದು. ನಾನು ಆಗಲೂ ಬಸ್ಸು ಓಡಿಸುತ್ತಿದ್ದೆ, ಆಮೇಲೂ ಬಸ್ಸು ಓಡಿಸಿದೆ, ಯಾರ ಪರವಾಗಿಯೂ ಹಾರ್ನ್ ಹೊಡೆದವನಲ್ಲ.

ಇಶ್ಬೆಲಳಿಗೆ ಮರೆವು ಬಂದಿದೆ. ಕನ್ನಡಕ ಎಲ್ಲಿಟ್ಟೆ ಅನ್ನುವಂಥ ಮರೆವಲ್ಲ. ತಲೆಯೊಳಗಿನ ರಕ್ತನಾಳಗಳು ಗಟ್ಟಿಯಾಗಿವೆ ಅನ್ನುತ್ತಾರೆ ಡಾಕ್ಟರು. ಕೆಲವು ದಿನ ನಾನು ಗಂಡ. ಕೆಲವು ದಿನ ಬಾಗಿಲು ತೆಗೆದು, "ಮನೇಲಿ ಗಂಡಸರಿಲ್ಲ, ಸಂಜೆ ಬನ್ನಿ," ಅಂದು ನನ್ನನ್ನು ಮೆಟ್ಟಿಲ ಮೇಲೇ ನಿಲ್ಲಿಸುತ್ತಾಳೆ. ನಾನೂ ಸಂಜೆಯೇ ಬರುತ್ತೇನೆ. ಏನು ಮಾಡಲಿ?

ಅದನ್ನೆಲ್ಲ ತಡೆದುಕೊಳ್ಳಬಹುದು. ಊಟ ಬಿಟ್ಟಿದ್ದಾಳೆ ನೋಡು, ಅದನ್ನು ತಡೆಯಲಾಗುತ್ತಿಲ್ಲ. ಸೂಪು ಬೇಡ, ಮೀನು ಬೇಡ, ಗಂಜಿ ಬೇಡ. ಅವಳೇ ಮಾಡಿದ ಕಿತ್ತಳೆ ಸಿಪ್ಪೆಯ ಮಾರ್ಮಲೇಡ್ ಸವರಿಕೊಟ್ಟರೆ ಟೋಸ್ಟ್ ಮಾತ್ರ ತಿನ್ನುತ್ತಾಳೆ. ಹೋದ ಚಳಿಗಾಲದಲ್ಲಿ ಮಾಡಿಟ್ಟ ಕೊನೆಯ ಬಾಟಲಿ ತಳ ಕಂಡಿದೆ. ಅಂಗಡಿಯದನ್ನು ತಂದು ಹಳೇ ಬಾಟಲಿಗೆ ತುಂಬಿ ಕೊಟ್ಟೆ. ಒಂದು ಕಚ್ಚಿದಳು, ಉಗಿದಳು. "ಥೂ, ಇದ್ಯಾವ ಲೇಹ್ಯಾರೀ?" ಅಂದಳು. ಇನ್ನೂ ತೂಕ ಇಳಿದರೆ ಗುಡ್ಡದ ಮೇಲಿನ ಆಸ್ಪತ್ರೆಯ ವಾರ್ಡಿಗೆ ಸೇರಿಸಲೇಬೇಕು ಅನ್ನುತ್ತಾರೆ ಡಾಕ್ಟರು. ಆ ದಾರಿಯಲ್ಲಿ ನಾನು ಬಸ್ಸು ಓಡಿಸಿದ್ದೇನೆ. ಸೇರಲು ಹೋದವರು ಯಾರೂ ವಾಪಸ್ಸು ಹತ್ತಿದ್ದು ನೆನಪಿಲ್ಲ.

ಪಿರಿ ಅನ್ನುವವನ ತರಕಾರಿ ಅಂಗಡಿಗೆ ಸ್ಪೇನಿನ ಕಹಿ ಕಿತ್ತಳೆ ಬಂದಿದೆ. ತಂದು ಮೇಜಿನ ಮೇಲಿಟ್ಟೆ. ಇಶ್ಬೆಲ್ ಏಪ್ರನ್ ಕಟ್ಟಿಕೊಂಡು ಬಂದು ಕೂತಳು. ಕೂತೇ ಇದ್ದಾಳೆ. "ನೆಟ್ಟಾ ಬರ್ಲಿ, ಶುರು ಮಾಡೋಣ. ಇದೇನು ಒಬ್ರ ಕೈಲಿ ಆಗೋ ಕೆಲಸಾನಾ?" ಅನ್ನುತ್ತಾಳೆ. ದಿನಾ ಬೆಳಿಗ್ಗೆ ಇದೇ.

ಬಾ ನೆಟ್ಟಾ. ಸಿಟ್ಟಿನಲ್ಲಿ ಕೊಯ್ದ ಮೂಗು ಶಾಂತವಾದಾಗ ಬರುತ್ತದೆಯೇ ಅಂತಾರೆ, ಗೊತ್ತು. ಮೂಗು ಬರದಿದ್ದರೆ ಬೇಡ, ನೀನು ಬಾ.

ನಿನ್ನ ಭಾವ,
ಹೆಕ್ಟರ್ ಡಫ್ಫಸ್


ಸ್ಟ್ರಾಮ್ನೆಸ್, ಆರ್ಕ್ನಿ,
ಜನವರಿ ೧೯, ೧೯೬೮

ಭಾವನವರಿಗೆ,

ಕಾಗದ ಒಲೆಗೆ ಹಾಕಿಲ್ಲ. ಹಾಕಬೇಕೆಂದು ಎದ್ದಿದ್ದಂತೂ ನಿಜ.

ನಿಮ್ಮ ಹೆಂಡತಿಗೆ ಹುಷಾರಿಲ್ಲದ್ದಕ್ಕೆ ಬೇಸರವಾಯಿತು. ಆದರೆ ನಾನು ಬರುವುದಿಲ್ಲ. ಏಕೆಂದು ನಿಮಗೆ ಗೊತ್ತಿದೆಯೋ ಇಲ್ಲವೋ, ಹೇಳಿಬಿಡುತ್ತೇನೆ. ಅಮ್ಮ ಜೀವಮಾನವಿಡೀ ಡಂಡೀಯ ಮಾರ್ಮಲೇಡ್ ಕಾರ್ಖಾನೆಯಲ್ಲಿ ಕಿತ್ತಳೆ ಸಿಪ್ಪೆ ಹೆಚ್ಚಿದವಳು. ಅವಳ ಹತ್ತಿರ ಇದ್ದ ಒಂದೇ ಒಂದು ಬೆಲೆಬಾಳುವ ವಸ್ತು ಮನೆಯಲ್ಲಿ ಮಾರ್ಮಲೇಡ್ ಕುದಿಸುತ್ತಿದ್ದ ಆ ಹಿತ್ತಾಳೆ ಕಡಾಯಿ. "ಕಡಾಯಿ ನೆಟ್ಟಾಗೆ. ಇಶ್ಬೆಲ್‌ಗೆ ಗಂಡ ಇದಾನೆ, ಮನೆ ಇದೆ," ಎಂದು ಎಲ್ಲರ ಮುಂದೆ ಹೇಳಿದ್ದಳು. ಅಮ್ಮನನ್ನು ಮಣ್ಣು ಮಾಡಿ ಬಂದ ದಿನ ನಾನು ಒಳಗೆ ಟೀ ಲೋಟ ತೊಳೆಯುತ್ತಿದ್ದೆ. ನಿಮ್ಮ ಹೆಂಡತಿ ಆ ಕಡಾಯಿಯನ್ನು ಅಮ್ಮನದೇ ಶಾಲಿನಲ್ಲಿ ಸುತ್ತಿ, ಕಂಕುಳಲ್ಲಿಟ್ಟುಕೊಂಡು ಮೆಟ್ಟಿಲಿಳಿದು ಹೋದಳು. ನಾನು ಕಿಟಕಿಯಿಂದ ನೋಡಿದೆ. ಅವಳೂ ತಲೆಯೆತ್ತಿ ನನ್ನನ್ನು ನೋಡಿದಳು. ಆ ವಸಂತದಲ್ಲೇ ನಾನು ಮದುವೆಯಾಗಿ ಈ ದ್ವೀಪಕ್ಕೆ ಬಂದೆ, ಬರಿಗೈಯಲ್ಲಿ.

ಮೂವತ್ತು ಚಿಲ್ಲರೆ ವರ್ಷ ಆಯಿತು. ನನಗೆ ಹಿತ್ತಾಳೆಯ ಆಸೆ ಇಲ್ಲ. ನಾನು ಈ ಹಡಗುಕಟ್ಟೆಯಲ್ಲಿ ಬೋರ್ಡಿಂಗ್ ಮನೆ ನಡೆಸುವವಳು, ಪಾತ್ರೆಗೇನು ಬರವಿಲ್ಲ. "ತಪ್ಪಾಯ್ತು ನೆಟ್ಟಾ" ಎಂದು ಅವಳ ಕೈಯಲ್ಲೇ ಒಂದು ಸಾಲು ಬರೆಸಿ ಕಳಿಸಿ. ಮುಂದಿನ ಹಡಗಿಗೆ ಬರುತ್ತೇನೆ.

ಅಲ್ಲಿಯವರೆಗೆ ನೀವೇ ಮಾಡಿಕೊಳ್ಳಿ. ಬ್ರಹ್ಮವಿದ್ಯೆಯೇನಲ್ಲ. ಹಣ್ಣು ಹಿಂಡಿ ರಸ ತೆಗೆಯಿರಿ. ಸಿಪ್ಪೆ ಹೆಚ್ಚಿ ರಾತ್ರಿ ನೀರಿನಲ್ಲಿ ನೆನೆಹಾಕಿ. ಬೀಜ ಎಸೆಯಬೇಡಿ, ಪಾಕ ಹೆಪ್ಪಾಗುವುದೇ ಅದರಿಂದ. ತೆಳುಬಟ್ಟೆಯಲ್ಲಿ ಗಂಟುಕಟ್ಟಿ ಜೊತೆಗೇ ಹಾಕಿ. ಕುದಿಸಿ, ಸಕ್ಕರೆ ಹಾಕಿ. ತಣ್ಣಗಿನ ಬಸಿಯ ಮೇಲೆ ಒಂದು ಚಮಚ ಬಿಟ್ಟು ಬೆರಳಲ್ಲಿ ತಳ್ಳಿ ನೋಡಿ. ಸುಕ್ಕುಗಟ್ಟಿದರೆ ಆಯಿತು.

ನೆಟ್ಟಾ ಲಿಂಕ್ಲೇಟರ್


ಡಂಡೀ,
ಜನವರಿ ೨೭, ೧೯೬೮

ನೆಟ್ಟಾ,

ನೀನು ಕೇಳಿದ ಸಾಲು ಬರೆಸಲು ಕೂತೆ. ಪೆನ್ನು ಕೊಟ್ಟೆ, ಒಳ್ಳೆಯ ಕಾಗದ ಕೊಟ್ಟೆ.

"ಯಾರಿಗ್ರೀ ಬರೀಬೇಕು?"

"ನೆಟ್ಟಾಗೆ."

"ನೆಟ್ಟಾಗೆ ಯಾಕೆ ಕಾಗದ? ಅವಳೇ ಬರ್ತಾಳಲ್ಲ!" ಎಂದು ನಕ್ಕಳು. ಆಮೇಲೆ ನನ್ನ ಸಮಾಧಾನಕ್ಕೆಂದು ಬರೆದಳು. ನೋಡಿದರೆ, ಕಿತ್ತಳೆ, ಸಕ್ಕರೆ, ನಿಂಬೆಹಣ್ಣು. ಕೆಳಗೆ ಚಂದವಾಗಿ ರುಜು. ಅವಳ ಅಕ್ಷರ ನನಗೆ ಬರುತ್ತದೆ, ನಾನೇ ಗೀಚಿ ಕಳಿಸಿಬಿಡಲೇ ಎಂದು ಯೋಚಿಸಿದ್ದೂ ಉಂಟು. ನಿನಗೆ ಗೊತ್ತಾಗಿಬಿಡುತ್ತಿತ್ತು.

ಇನ್ನು ನನ್ನ ಅಡುಗೆಯ ಕಥೆ ಕೇಳು. ಹೆಚ್ಚಿದೆ, ನೆನೆಹಾಕಿದೆ, ಬೀಜದ ಗಂಟು ಕಟ್ಟಿದೆ. ಕಡಾಯಿ ಅಡುಗೆಮನೆಯ ಗೋಡೆಯಲ್ಲೇ ಮೊಳೆಗೆ ತೂಗಿದೆ, ಫಳಫಳ ಹೊಳೆಯುತ್ತದೆ. ಇಳಿಸಲು ಹೋದರೆ ಇಶ್ಬೆಲ್ ಕೈಮೇಲೆ ಫಟ್ ಅಂತ ಹೊಡೆದಳು. ಸರಿ, ಸೂಪಿನ ಪಾತ್ರೆಯನ್ನೇ ಇಟ್ಟೆ. ಬೆಳಿಗ್ಗೆ ಸಿಪ್ಪೆ, ನೀರು, ರಸ, ಸಕ್ಕರೆ ಎಲ್ಲ ಒಟ್ಟಿಗೆ ಸುರಿದು ಕುದಿಸಿದೆ. ಬಣ್ಣ ಬಂತು. ವಾಸನೆಗೆ ಮೂರು ಮಹಡಿಯವರು ಬಾಗಿಲು ತೆಗೆದು ನೋಡಿದರು. ಬಸಿಯ ಮೇಲೆ ಸುಕ್ಕೂ ಕಟ್ಟಿತು. ನಾನಂತೂ ಬೀಗಿಬಿಟ್ಟೆ.

ಆದರೆ ಸಿಪ್ಪೆ? ಬೂಟಿನ ಲೇಸು! ಮತ್ತೆ ಕುದಿಸಿದೆ, ಮತ್ತೂ ಕುದಿಸಿದೆ. ಜಗಿದಷ್ಟೂ ಲೇಸೇ. ಇಶ್ಬೆಲ್ ಒಂದು ತುಂಡು ಟೋಸ್ಟ್ ತಿಂದಳು. ಸಿಪ್ಪೆಯನ್ನು ಒಂದೊಂದಾಗಿ ಬಾಯಿಂದ ತೆಗೆದು ತಟ್ಟೆಯ ಅಂಚಿಗೆ ಸಾಲಾಗಿ ಜೋಡಿಸಿದಳು. "ಯಾರು ಕಲಿಸಿದ್ರು ನಿಮ್ಗೆ? ನೆಟ್ಟಾ ನೋಡಿದ್ರೆ ಬಿದ್ದು ಬಿದ್ದು ನಗ್ತಾಳೆ," ಅಂದಳು. ತಟ್ಟೆ ತಳ್ಳಿದಳು. ಹಳೇ ಬಾಟಲಿ ಮೊನ್ನೆಯೇ ಮುಗಿದಿದೆ. ಈಗ ಹಾಲು ಹಾಕಿದ ಟೀ ಮಾತ್ರ ಕುಡಿಯುತ್ತಿದ್ದಾಳೆ.

ಎಲ್ಲಿ ತಪ್ಪಿದೆ, ಹೇಳು.

ಹೆಕ್ಟರ್


ಸ್ಟ್ರಾಮ್ನೆಸ್,
ಫೆಬ್ರವರಿ ೩, ೧೯೬೮

ಅಯ್ಯೋ ಭಾವ!

ಸಿಪ್ಪೆ ಬೇಯುವ ಮೊದಲೇ ಸಕ್ಕರೆ ಹಾಕಿದಿರಾ? ನಿಮಗೆ ಯಾರು ಹೇಳಿದರು ಹಾಕಲು? ಬರೀ ನೀರಿನಲ್ಲಿ ಸಿಪ್ಪೆ ಪೂರ್ತಿ ಮೆತ್ತಗಾಗಬೇಕು. ಹೆಬ್ಬೆರಳು ತೋರುಬೆರಳಿನ ನಡುವೆ ಹಿಡಿದರೆ ಬೆಣ್ಣೆಯ ಹಾಗೆ ನುರಿಯಬೇಕು. ಆಮೇಲೆ ಸಕ್ಕರೆ. ಒಂದು ಸಲ ಸಕ್ಕರೆ ಬಿತ್ತೋ, ಸಿಪ್ಪೆ ಎಲ್ಲಿತ್ತೋ ಅಲ್ಲೇ ನಿಂತಿತು. ಮತ್ತೆ ಪ್ರಳಯದವರೆಗೆ ಕುದಿಸಿದರೂ ಮೆತ್ತಗಾಗುವುದಿಲ್ಲ.

ನಾನು ಅದನ್ನು ಬರೆಯಲಿಲ್ಲ, ನಿಜ. ಬರೆಯಬೇಕೆಂದು ಹೊಳೆಯಲೇ ಇಲ್ಲ. ನಮ್ಮ ಮನೆಯಲ್ಲಿ ಎದ್ದು ನಿಂತ ಮಗುವಿಗೂ ಗೊತ್ತಿದ್ದ ವಿಷಯ ಅದು. ಮೊದಲು ಬೆಂಕಿ, ಆಮೇಲೆ ಸಿಹಿ ಎನ್ನುತ್ತಿದ್ದಳು ಅಮ್ಮ. ಇನ್ನೊಮ್ಮೆ ಹಣ್ಣು ತಂದು ಮಾಡಿ. ಬೇಗ ತನ್ನಿ, ಈ ಹಣ್ಣು ಹೆಚ್ಚು ದಿನ ಸಿಗುವುದಿಲ್ಲ.

ಕಡಾಯಿ ಮುಟ್ಟಲು ನಿಮಗೂ ಬಿಡಲಿಲ್ಲ ಅಂದಿರಿ. ಎಲ್ಲ ಮರೆತರೂ ಅದರ ಆಸೆ ಮರೆತಿಲ್ಲ ನೋಡಿ. ಸಾಲು ಬರಲಿಲ್ಲ. ಹಾಗಾಗಿ ನಾನೂ ಬರುವುದಿಲ್ಲ.

ನೆಟ್ಟಾ


ಡಂಡೀ,
ಫೆಬ್ರವರಿ ೧೨, ೧೯೬೮

ನೆಟ್ಟಾ,

ನಿನ್ನ ಕಾಗದ ಬಿರುಗಾಳಿಗೆ ಸಿಕ್ಕಿ ತಡವಾಗಿ ಬಂತು. ಪಿರಿಯ ಅಂಗಡಿಗೆ ಓಡಿದೆ. "ಮುಗೀತು ಹೆಕ್ಟರ್. ಕೊನೇ ಪೆಟ್ಟಿಗೆ ಶುಕ್ರವಾರ ಹೋಯ್ತು. ಇನ್ನು ಬರೋ ಜನವರಿ," ಅಂದ. ಊರೆಲ್ಲ ಸುತ್ತಿದೆ. ಸಿಹಿ ಕಿತ್ತಳೆ ಬೇಕಾದಷ್ಟಿದೆ, ಕಹಿ ಕಿತ್ತಳೆ ಇಲ್ಲ. ಊರು ಕೊಳ್ಳೆ ಹೋದ ಮೇಲೆ ಕೋಟೆ ಬಾಗಿಲು ಹಾಕಿದ ಹಾಗಾಯಿತು ನನ್ನ ಕಥೆ.

ನಿನ್ನ ಮೇಲೆ ಸಿಟ್ಟಿಲ್ಲ. ಸಿಟ್ಟಿದೆ, ಆದರೆ ಬರೆಯಲು ಶಕ್ತಿ ಇಲ್ಲ. ಇಶ್ಬೆಲಳ ಮದುವೆ ಉಂಗುರ ನಿನ್ನೆ ಬೆರಳಿನಿಂದ ತಾನಾಗಿ ಜಾರಿ ಟೀ ಲೋಟಕ್ಕೆ ಬಿತ್ತು. ಡಾಕ್ಟರು ವಾರ್ಡಿಗೆ ಹೆಸರು ಬರೆಸಿದ್ದಾರೆ. ತಿನ್ನಲು ಶುರುಮಾಡಿದರೆ ಹೊಡೆದುಹಾಕೋಣ ಅಂದಿದ್ದಾರೆ.

ಒಂದು ವಿಷಯ ಕೇಳಬೇಕು ಅಂತ ಬಹಳ ವರ್ಷದಿಂದ ಇದೆ. ಇಶ್ಬೆಲ್ ಪ್ರತಿ ವರ್ಷ ಮಾರ್ಮಲೇಡ್ ಮಾಡುವಾಗ ಅರ್ಧ ಸಿಪ್ಪೆಯನ್ನು ದಪ್ಪಗೆ ಹೆಚ್ಚುತ್ತಿದ್ದಳು, ಅದು ಬೇಗ ಮುಗಿಯುತ್ತಿತ್ತು. ಉಳಿದ ಅರ್ಧವನ್ನು ಮಾತ್ರ ದಾರದ ಹಾಗೆ ತೆಳ್ಳಗೆ. ಅದಕ್ಕೆ ಬೆಳಿಗ್ಗೆ ಕೂತರೆ ಸಂಜೆ. ಬೆರಳು ಕುಯ್ದುಕೊಳ್ಳುತ್ತಿದ್ದಳು, ಬಯ್ದುಕೊಳ್ಳುತ್ತಿದ್ದಳು, ಬಿಡುತ್ತಿರಲಿಲ್ಲ. "ಯಾಕೆ ಈ ಗೋಳು, ಎಲ್ಲ ಒಂದೇ ಥರ ಹೆಚ್ಚು ಮಾರಾಯ್ತಿ," ಅಂದರೆ, "ನಮ್ಮದು ಹೀಗೇ ಇರೋದು," ಅನ್ನುತ್ತಿದ್ದಳು. ಅದು ಯಾಕೆ ಹಾಗೆ? ನಿನಗೇನಾದರೂ ಗೊತ್ತೇ?

ಹೆಕ್ಟರ್


ಸ್ಟ್ರಾಮ್ನೆಸ್,
ಫೆಬ್ರವರಿ ೧೭, ೧೯೬೮

ಭಾವ,

ಅಕ್ಕನದು ದಪ್ಪ, ನನ್ನದು ತೆಳು. "ಒಬ್ಬಳದು ಹಗ್ಗ, ಒಬ್ಬಳದು ನೂಲು. ಎರಡೂ ಬಿದ್ರೇನೇ ನಮ್ಮದು," ಎನ್ನುತ್ತಿದ್ದಳು ಅಮ್ಮ. ಆ ತೆಳು ಸಿಪ್ಪೆ ನನ್ನ ಪಾಲು.

ನನ್ನ ಮನೆಯ ಹಿಂದಿನ ಕೊಟ್ಟಿಗೆಯಲ್ಲಿ ಒಣಹುಲ್ಲಿನೊಳಗೆ ಒಂದು ಬುಟ್ಟಿ ಕಹಿ ಕಿತ್ತಳೆ ಇದೆ, ಈ ವರ್ಷ ಇನ್ನೂ ಮುಟ್ಟಿಲ್ಲ. ಬೇರೆ ಏನನ್ನೂ ಅಂದುಕೊಳ್ಳಬೇಡಿ, ಹಣ್ಣು ಕೊಳೆತುಹೋಗುತ್ತದಲ್ಲ ಎಂದು ಬರುತ್ತಿದ್ದೇನೆ. ಗಾಳಿ ಇಳಿದ ಮೇಲಿನ ಮೊದಲ ಹಡಗು. ಆ ಸಾಲು ಬರೆಯುವುದು ಬೇಡ. ನನ್ನ ಮುಖ ನೋಡಿ ಬಾಯಲ್ಲಿ ಹೇಳಲಿ, ಸಾಕು.

ಸ್ಟೇಷನ್ನಿಗೆ ಬರಬೇಡಿ, ಅವಳೊಬ್ಬಳನ್ನೇ ಬಿಟ್ಟು.

ನೆಟ್ಟಾ


ಡಂಡೀ,
ಮಾರ್ಚ್ ೪, ೧೯೬೮

ನೆಟ್ಟಾ,

ನೀನು ಬಂದೆ, ಒಂದೇ ದಿನ ಇದ್ದು ಹೋದೆ. ಬೆಳಿಗ್ಗೆ ಎದ್ದರೆ ಬಾಟಲಿಗಳೆಲ್ಲ ಮುಚ್ಚಳ ಹಾಕಿಕೊಂಡು ಕಿಟಕಿಯಲ್ಲಿ ಸಾಲಾಗಿ ನಿಂತಿವೆ, ನೀನಿಲ್ಲ. ನಾನು ಸಕ್ಕರೆ ತರಲು ಹೋದಾಗ ನಡೆದದ್ದೇನು? ಬರುವಷ್ಟರಲ್ಲಿ ನೀನು ಸೂಪಿನ ಪಾತ್ರೆಯ ಮುಂದೆ ನಿಂತು ಕಲಕುತ್ತಿದ್ದೆ, ಮುಖ ತಿರುಗಿಸಲಿಲ್ಲ. ಇಶ್ಬೆಲಳನ್ನು ಕೇಳಿದರೆ, "ಯಾವಳೋ ಒಬ್ಳು ಕಡಾಯಿ ಕದಿಯೋಕೆ ಬಂದಿದ್ಳು, ನಾನು ಬಿಡ್ಲಿಲ್ಲ," ಅನ್ನುತ್ತಾಳೆ. ಮತ್ತೆ ಜಗಳವಾಡಿದಿರಾ?

ಮಾರ್ಮಲೇಡ್ ಅಪರಂಜಿ. ನಾನು ನಿಂತಲ್ಲೇ ಅರ್ಧ ಬಾಟಲಿ ತಿಂದೆ. ಇಶ್ಬೆಲ್ ಟೋಸ್ಟ್ ಕಚ್ಚಿದಳು. ಜಗಿದಳು. ಬೆಳಕಿಗೆ ಹಿಡಿದು ನೋಡಿದಳು. "ಚೆನ್ನಾಗಿ ಮಾಡಿದಾರೆ ಪಾಪ. ಆದ್ರೆ ಎಲ್ಲಾ ದಪ್ಪ ಕಣ್ರೀ. ನಮ್ಮದಲ್ಲ," ಅಂದು ತಟ್ಟೆ ತಳ್ಳಿದಳು.

ಡಾಕ್ಟರು ಹೆಸರು ಹೊಡೆದುಹಾಕಲಿಲ್ಲ.

ಹೆಕ್ಟರ್


ಸ್ಟ್ರಾಮ್ನೆಸ್,
ಮಾರ್ಚ್ ೧೧, ೧೯೬೮

ಭಾವ,

ಜಗಳ ಆಡಲಿಲ್ಲ. ಆಡಿದ್ದರೆ ಚೆನ್ನಾಗಿತ್ತು.

ನೀವು ಹೋದ ಮೇಲೆ ಇಬ್ಬರೂ ಮೇಜಿಗೆ ಕೂತು ಎರಡನೆಯ ಸಲಕ್ಕೆಂದು ಉಳಿದ ಸಿಪ್ಪೆ ಹೆಚ್ಚಿದೆವು. ಅವಳ ಕೈ ಏನನ್ನೂ ಮರೆತಿಲ್ಲ, ಕಣ್ಣು ಮುಚ್ಚಿ ಹೆಚ್ಚುತ್ತಾಳೆ. ನನ್ನದನ್ನು ನೋಡಿ, "ನೀವು ಹೆಲ್ತ್ ಆಫೀಸಿನಿಂದ ಬಂದವ್ರಾ? ಅಡುಗೆ ಮಾಡಿ ರೂಢಿ ಇಲ್ಲ ಅನ್ಸತ್ತೆ," ಎಂದಳು. ನನ್ನ ಗೆಣ್ಣುಗಳು ಊದಿಕೊಂಡು ವರ್ಷಗಳಾದವು, ಚಾಕು ಹಿಡಿತಕ್ಕೆ ಬರುವುದಿಲ್ಲ. ದಪ್ಪವೇ ಆಗುತ್ತದೆ. "ನಮ್ಮ ನೆಟ್ಟಾ ಹೆಚ್ಚಿದ್ರೆ ಸೂಜಿಗೆ ಪೋಣಿಸ್ಬಹುದು," ಎಂದಳು.

"ನಾನೇ ಅಕ್ಕಾ, ನೆಟ್ಟಾ," ಅಂದೆ.

ಬಹಳ ಹೊತ್ತು ನೋಡಿದಳು. ಆಮೇಲೆ ಮರ್ಯಾದೆಗೆ ಎಂಬಂತೆ ನಕ್ಕಳು. "ನಿಮ್ದೂ ಅದೇ ಹೆಸರಾ? ಒಳ್ಳೇ ಹೆಸರು. ನಮ್ಮವಳಿಗೆ ಕೆಂಪು ಕೂದ್ಲು."

ನನ್ನ ತಲೆ ಪೂರ್ತಿ ನೆರೆತಿದೆ ಭಾವ, ನೀವು ನೋಡಿದಿರಲ್ಲ.

ಒಲೆಯ ಮೇಲೆ ಮೊದಲೇ ಇಟ್ಟಿದ್ದ ಸಿಪ್ಪೆ ಬೆಂದಿತ್ತು. ಪಾತ್ರೆ ಚಿಕ್ಕದಾಯಿತು, ಸಕ್ಕರೆ ಬಿದ್ದರೆ ಉಕ್ಕುತ್ತದೆ ಎಂದು ನಾನು ಎದ್ದು ಕಡಾಯಿಗೆ ಕೈಹಾಕಿದೆ. ಅವಳು ಚಾಕು ಹಿಡಿದುಕೊಂಡೇ ಎದ್ದು ಅಡ್ಡ ನಿಂತಳು. ಅಷ್ಟು ಸೊರಗಿದವಳಿಗೆ ಆ ಬಲ ಎಲ್ಲಿತ್ತೋ.

"ಅದನ್ನ ಮುಟ್ಬೇಡಿ. ಅದು ನನ್ನ ತಂಗೀದು."

ನನಗೆ ಆ ಗಳಿಗೆ ಹಳೆಯ ಸಿಟ್ಟೇ ಬಂತು. "ತಂಗೀದು ಅಂದ್ರೆ ಇಲ್ಲ್ಯಾಕಿದೆ?" ಎಂದುಬಿಟ್ಟೆ.

"ನಾನೇ ತಂದಿಟ್ಕೊಂಡೆ," ಎಂದಳು. ದನಿ ಇಳಿಯಿತು. "ಅವಳು ಮದ್ವೆ ಆಗಿ ಸಮುದ್ರದಾಚೆ ಹೋಗೋಳಿದ್ಳು. ಹೋದ್ರೆ ಬರ್ತಾಳಾ? ಕಡಾಯಿ ಇಲ್ಲಿದ್ರೆ ಪ್ರತಿ ಜನವರಿಗೂ ಬರ್ಲೇಬೇಕಲ್ಲ, ಕೇಳೋಕಾದ್ರೂ ಬರ್ತಾಳೆ, ಬಯ್ಯೋಕಾದ್ರೂ ಬರ್ತಾಳೆ ಅಂದ್ಕೊಂಡೆ. ಬರ್ಲಿಲ್ಲ ಕಣ್ರೀ. ಅವಳದು ಮಹಾ ಹಟ."

ಒಂದು ಸಲವೂ ಅದನ್ನು ಒಲೆಗೆ ಇಟ್ಟಿಲ್ಲವಂತೆ. ಅವಳಿಲ್ಲದೆ ಹೇಗೆ ಇಡೋದು ಎಂದು ನನ್ನನ್ನೇ ಕೇಳಿದಳು. ಯುದ್ಧದ ಕಾಲದಲ್ಲಿ ಕಿತ್ತಳೆಯೇ ಸಿಗದಿದ್ದಾಗಲೂ ಜನವರಿ ಬಂದರೆ ಇಳಿಸಿ, ತಿಕ್ಕಿ, ಮತ್ತೆ ತೂಗಿಹಾಕುತ್ತಿದ್ದಳಂತೆ.

ನಾನು ನೆಲದ ಮೇಲೇ ಕೂತುಬಿಟ್ಟೆ. ಅವಳಿಗೆ ನನ್ನನ್ನು ನೋಡಿ ಅಯ್ಯೋ ಅನಿಸಿರಬೇಕು. ತಲೆ ಸವರಿದಳು. "ನೀವೇನಾದ್ರೂ ಆರ್ಕ್ನಿ ಕಡೆ ಹೋದ್ರೆ ಅವಳಿಗೊಂದು ಮಾತು ಹೇಳ್ಬೇಕಲ್ಲ," ಎಂದಳು.

"ಹೇಳ್ತೀನಿ. ಏನ್ ಹೇಳ್ಲಿ ಅಕ್ಕಾ?"

ಬಾಯಿ ತೆರೆದಳು. ಅಷ್ಟು ವರ್ಷ ನಾನು ಕಾದ ಮಾತು ಅಲ್ಲಿಯವರೆಗೂ ಬಂದಿತ್ತು. ಆಮೇಲೆ ತಲೆಯಾಡಿಸಿದಳು. "ಬೇಡ ಬಿಡಿ. ಇಂಥಾದ್ದನ್ನ ಬೇರೆಯವ್ರ ಬಾಯಲ್ಲಿ ಹೇಳಿಸ್ಬಾರ್ದು. ಅವಳು ಬರ್ಲಿ, ನಾನೇ ಹೇಳ್ತೀನಿ."

ಅಷ್ಟರಲ್ಲಿ ಮೆಟ್ಟಿಲ ಮೇಲೆ ನಿಮ್ಮ ಬೂಟಿನ ಸದ್ದಾಯಿತು. ನಾನೆದ್ದು ಒಲೆಯ ಕಡೆ ತಿರುಗಿಕೊಂಡೆ. ಬೆಳಿಗ್ಗೆ ಹೇಳದೆ ಹೊರಟದ್ದಕ್ಕೆ ಮನ್ನಿಸಿ. ನಾನು ಅಲ್ಲಿ ಇನ್ನೊಂದು ದಿನ ಬೇರೆಯವಳಾಗಿ ಇರಲಾರದೆ ಹೋದೆ.

ನೆಟ್ಟಾ


ಡಂಡೀ,
ಏಪ್ರಿಲ್ ೨೩, ೧೯೬೮

ನೆಟ್ಟಾ,

ನಿನ್ನ ಕಾಗದಕ್ಕೆ ಉತ್ತರ ಬರೆಯಲು ಇಷ್ಟು ದಿನ ಬೇಕಾಯಿತು. ಇಷ್ಟು ವರ್ಷ ಅದೇ ಮನೆಯಲ್ಲಿದ್ದು, ಅದೇ ಕಡಾಯಿಯ ಕೆಳಗೆ ಕೂತು ಉಂಡು, ನನಗೆ ತಿಳಿಯಲಿಲ್ಲವಲ್ಲ! ಕೇಳಿದ್ದರೆ ಹೇಳುತ್ತಿದ್ದಳೋ ಏನೋ. ನಾನು ಕೇಳಲಿಲ್ಲ.

ಈಸ್ಟರ್ ಮುಗಿದ ಮೇಲೆ ವಾರ್ಡಿಗೆ ಸೇರಿಸಿದರು. ಬಸ್ಸಿನಲ್ಲೇ ಕರೆದುಕೊಂಡು ಹೋದೆ. ಓಡಿಸುತ್ತಿದ್ದ ಹುಡುಗನನ್ನು ಕೆಲಸಕ್ಕೆ ಪಳಗಿಸಿದವನೇ ನಾನು. ಅವನು ಟಿಕೆಟ್ ಕೇಳಲಿಲ್ಲ, ನನ್ನ ಮುಖವನ್ನೂ ನೋಡಲಿಲ್ಲ. ಅಲ್ಲಿ ಮೂಗಿಗೆ ನಳಿಕೆ ಹಾಕಿ ಹಾಲು ಇಳಿಸುತ್ತಿದ್ದಾರೆ. ಕೈಗಳು ಮಾತ್ರ ಸುಮ್ಮನಿಲ್ಲ, ಹೊದಿಕೆಯ ಅಂಚನ್ನು ಸಣ್ಣಗೆ ಮಡಿಸಿ ಮಡಿಸಿ ಹೆಚ್ಚುತ್ತಾಳೆ. ನಾನು ಯಾರೆಂದು ಈಗ ಕೇಳುವುದೂ ಇಲ್ಲ.

ಕಡಾಯಿಯನ್ನು ನಿನಗೆ ಕಳಿಸೋಣ ಎಂದು ಮೊಳೆಯಿಂದ ಇಳಿಸಿದೆ. ಅದು ನಿನ್ನದು, ನ್ಯಾಯವಾಗಿ ಆಗಲೇ ನಿನ್ನದು. ಹುಲ್ಲು ತುಂಬಿ ಪೆಟ್ಟಿಗೆ ಮಾಡಿದೆ, ವಿಳಾಸವನ್ನೂ ಬರೆದೆ. ಅದೇ ಮಧ್ಯಾಹ್ನ ನೋಡಲು ಹೋದರೆ ನನ್ನ ತೋಳು ಹಿಡಿದಳು. "ಕಡಾಯಿ ಜೋಪಾನವಾಗಿದ್ಯಾ? ನೆಟ್ಟಾ ಬಂದ್ರೆ ಬರಿಗೈಲಿ ಕಳಿಸ್ಬೇಡಿ. ನನ್ನನ್ನ ಕರೀರಿ, ನಾನೇ ಕೊಡ್ಬೇಕು," ಅಂದಳು.

ಪೆಟ್ಟಿಗೆ ಬಾಗಿಲ ಹತ್ತಿರ ಹಾಗೇ ಇದೆ. ಕಳಿಸಲೇ, ಬಿಡಲೇ? ನೀನೇ ಹೇಳು.

ಹೆಕ್ಟರ್


ಸ್ಟ್ರಾಮ್ನೆಸ್,
ಮೇ ೨, ೧೯೬೮

ಭಾವ,

ಕಳಿಸಬೇಡಿ. ಪೆಟ್ಟಿಗೆ ಬಿಚ್ಚಿ ಮತ್ತೆ ಮೊಳೆಗೆ ತೂಗಿಹಾಕಿ. ಶನಿವಾರ ಶನಿವಾರ ತಿಕ್ಕಿ, ನಿಂಬೆಹೋಳಿಗೆ ಉಪ್ಪು ಮುಟ್ಟಿಸಿಕೊಂಡು. ಒಲೆಗೆ ಮಾತ್ರ ಇಡಬೇಡಿ.

ನಾನು ಬರುವಾಗ ಒಂದು ಬಾಟಲಿ ತಂದಿದ್ದೆ. ಇಲ್ಲಿನ ಬಾಡಿಗೆಯವರಿಗೆ ಕೊಡದೆ ನಾನೇ ತಿನ್ನುತ್ತಿದ್ದೇನೆ. ಯಾವುದು ಅಕ್ಕ ಹೆಚ್ಚಿದ್ದು, ಯಾವುದು ನಾನು ಹೆಚ್ಚಿದ್ದು ಎಂದು ನನಗೂ ತಿಳಿಯುತ್ತಿಲ್ಲ. ಎಲ್ಲಾ ದಪ್ಪ. ಅವಳು ಹೇಳಿದ್ದು ಸರಿ, ನಮ್ಮದಲ್ಲ.

ಮತ್ತೊಮ್ಮೆ ಬರಲೇ ಎಂದು ಯೋಚಿಸಿದೆ. ಹಡಗಿನ ವೇಳೆಯನ್ನೂ ಕೇಳಿಕೊಂಡು ಬಂದೆ. ಬಂದರೆ ಮತ್ತೆ ಯಾರೋ ಒಬ್ಬಳು ಬಂದ ಹಾಗೆ. ಅವಳು ಕಾಯುತ್ತಿರುವವಳಿಗೆ ಕೆಂಪು ಕೂದಲು, ನೆಟ್ಟಗಿನ ಬೆರಳು. ಆ ಹುಡುಗಿಯನ್ನು ನಾನು ಎಲ್ಲಿಂದ ಕರೆತರಲಿ?

ಇನ್ನು ನೋಡಲು ಹೋದಾಗ ಕೇಳಿಯೇ ಕೇಳುತ್ತಾಳೆ. ನೆಟ್ಟಾ ಇನ್ನೂ ಬಂದಿಲ್ಲ ಎಂದು ಹೇಳಿ. ಸುಳ್ಳು ಹೇಳಿದೆ ಎಂದು ಕೊರಗಬೇಡಿ, ಅದು ಸುಳ್ಳಲ್ಲ.

ನಿಮ್ಮ ನಾದಿನಿ,
ನೆಟ್ಟಾ